ನಮ್ಮಜ್ಜ ಗಾಮಾನನ್ನು ಕೆಡವಿರಲಿಲ್ಲ

ಕೊಪ್ಪಳ ಸೀಮೆಯಲ್ಲಿ ಅರವತ್ತು ದಾಟಿದವರನ್ನು ಕೇಳಿದರೆ ನಮ್ಮಜ್ಜನ ಬಗ್ಗೆ ಒಂದಾದರೂ ಕತೆ ಸಿಗುತ್ತದೆ. ಒಂದೇ ಉಸಿರಿಗೆ ಎರಡು ಸೇರು ಹಾಲು ಕುಡಿದದ್ದು, ಎರಿ ಹೊಲದ ಕೆಸರಿನಲ್ಲಿ ಹೂತ ಬಂಡಿಗೆ ಹೆಗಲು ಕೊಟ್ಟು ಎತ್ತಿದ್ದು, ತುಂಗಭದ್ರಾ ಡ್ಯಾಮು ಕಟ್ಟುವಾಗ ಮುನಿರಾಬಾದಿನ ಕ್ಯಾಂಪಿನಲ್ಲಿ ಪರದೇಶಿ ಪೈಲ್ವಾನನೊಬ್ಬನನ್ನು ಚಿತ್ ಮಾಡಿದ್ದು. ನಮ್ಮ ಮನೆಯೊಳಗಿನ ಕತೆ ಇವೆಲ್ಲಕ್ಕಿಂತ ದೊಡ್ಡದು: ಅಜ್ಜ ಕೊಲ್ಹಾಪುರದಲ್ಲಿ ಲೋಕಪ್ರಸಿದ್ಧ ಪೈಲ್ವಾನ ಗಾಮಾನನ್ನೇ ಕೆಡವಿದ್ದ. ಇದನ್ನು ಹೇಳುವಾಗ ಅಪ್ಪ ಈಗಲೂ ಕುರ್ಚಿಯಿಂದ ಎದ್ದು ನಿಲ್ಲುತ್ತಾರೆ.

ಹೋದ ವರ್ಷ ಊರ ಜಾತ್ರಾ ಕಮಿಟಿಯವರು ಗರಡಿಮನೆಗೆ ಹೋಗುವ ದಾರಿಗೆ ಕಮಾನು ಕಟ್ಟಿಸಿ ಅಜ್ಜನ ಹೆಸರು ಹಾಕುವುದೆಂದು ಠರಾವು ಮಾಡಿದರು. "ಒಂದು ಬಯೋಡೇಟಾ ಬರ್ದುಕೊಡ್ರಿ ಟೀಚರ್" ಎಂದು ನನಗೇ ಗಂಟುಹಾಕಿದರು. ಕಾಗದ ಮುಂದಿಟ್ಟುಕೊಂಡು ಕೂತರೆ ಹುಟ್ಟಿದ ವರ್ಷ ಗೊತ್ತಿಲ್ಲ, ಎಲ್ಲೆಲ್ಲಿ ಕುಸ್ತಿ ಹಿಡಿದಿದ್ದ ಗೊತ್ತಿಲ್ಲ, ಬಿರುದು ಯಾವುದೂ ಗೊತ್ತಿಲ್ಲ. ಕಾಕಾ ಮಾತ್ರ ತಡಮಾಡಲಿಲ್ಲ.

"ಕರ್ನಾಟಕ ಕೇಸರಿ ಅಂತ ಹಾಕ್ಸು."

"ಯಾರು ಕೊಟ್ಟಿದ್ದು ಕಾಕಾ?"

"ಜನ ಕೊಟ್ಟಾರ. ಇನ್ಯಾರು ಕೊಡಬೇಕು?"

ಅಜ್ಜನ ಹೆಸರು ಉಳಿಸುವ ಕೆಲಸವೆಂದರೆ ಅರ್ಧ ಜಗಳ ನಮ್ಮವರ ಜೊತೆಗೇ ಎನ್ನುವುದು ಆಗಲೇ ಗೊತ್ತಾಯಿತು.

ಹಳ್ಳಿ ಪೈಲ್ವಾನರ ದಾಖಲೆ ಯಾಕೆ ಸಿಗುವುದಿಲ್ಲ ಎನ್ನುವುದಕ್ಕೆ ಕಾರಣ ಆ ಆಟದಲ್ಲೇ ಇದೆ. ಮಣ್ಣಿನ ಕುಸ್ತಿಗೆ ಪಾಯಿಂಟ್ ಇಲ್ಲ, ಅಂಕಪಟ್ಟಿ ಇಲ್ಲ. ಬೆನ್ನು ಮಣ್ಣಿಗೆ ತಾಗಿತೋ, ಕುಸ್ತಿ ಮುಗಿಯಿತು. ತಾಗಲಿಲ್ಲವೋ, ಸರಿಜೋಡಿ ಎಂದು ಪಂಚರು ಇಬ್ಬರ ಕೈಯನ್ನೂ ಎತ್ತಿಸಿ ಕಳಿಸುತ್ತಾರೆ. ಹಲಗಿ ಬಡಿತ ನಿಂತ ಮೇಲೆ ಉಳಿಯುವುದು ನೋಡಿದವರ ಬಾಯಿ ಮಾತು. ಸ್ವತಂತ್ರ ಭಾರತಕ್ಕೆ ಮೊದಲ ವೈಯಕ್ತಿಕ ಒಲಿಂಪಿಕ್ ಪದಕ ತಂದ ಖಾಶಾಬಾ ಜಾಧವರಿಗೇ, 1952ರ ಹೆಲ್ಸಿಂಕಿಯ ಆ ಕಂಚಿಗೆ, ಅರ್ಜುನ ಪ್ರಶಸ್ತಿ ಸಿಗಲು 2000ನೇ ಇಸವಿ ಆಗಬೇಕಾಯಿತು. ಅವರು ತೀರಿಕೊಂಡು ಆಗಲೇ ಹದಿನಾರು ವರ್ಷ. ಅಂಥದ್ದರಲ್ಲಿ ಜಾತ್ರೆಯ ಕಣದಲ್ಲಿ ಹಿಡಿದವನ ಲೆಕ್ಕ ಸರ್ಕಾರ ಇಟ್ಟಿರುತ್ತದೆಯೇ?

ಹಾಗಾಗಿ ಮೊದಲು ಹುಡುಕಿದ್ದು ಕಾಗದವನ್ನಲ್ಲ, ಸಾಮಾನುಗಳನ್ನು. ಅಜ್ಜ 2003ರಲ್ಲಿ ತೀರಿಕೊಂಡ ಮೇಲೆ ಮಕ್ಕಳು ಹೊಲ ಹಂಚಿಕೊಂಡಂತೆ ಅವನ ವಸ್ತುಗಳನ್ನೂ ಹಂಚಿಕೊಂಡಿದ್ದರು. ಒಂದು ಗಟ್ಟಿ ರಟ್ಟಿನ ರಿಜಿಸ್ಟರ್ ತಂದು ಗೆರೆ ಎಳೆದೆ: ಸಂಖ್ಯೆ, ವಸ್ತು, ಯಾರ ಮನೆಯಲ್ಲಿದೆ, ಈಗಿನ ಸ್ಥಿತಿ, ಯಾರು ಏನು ಹೇಳಿದರು. ಕೊನೆಯ ಕಾಲಂ ಉಳಿದ ನಾಲ್ಕಕ್ಕಿಂತ ಅಗಲ ಬೇಕಾಯಿತು.

ಜರಿ ಪಟಗ ದೊಡ್ಡಪ್ಪನ ಮನೆಯಲ್ಲಿ ನುಸಿ ತಿಂದು ಜಾಳಿಗೆಯಾಗಿತ್ತು. ಸಾಮಿನಲ್ಲಿ ತಿರುಗಿಸುವ ಮರದ ಕರ್ಲಾ ಜೋಡಿಯಲ್ಲಿ ಒಂದು ಮಾತ್ರ ಸಿಕ್ಕಿತು, ಇನ್ನೊಂದು ಯಾವ ಚಳಿಗಾಲದಲ್ಲೋ ಒಲೆ ಸೇರಿತ್ತಂತೆ. ಅಜ್ಜ ದಿನಾ ಎತ್ತುತ್ತಿದ್ದ ಸಂಗ್ರಾಣಿ ಕಲ್ಲು ಅತ್ತೆಯ ಹಿತ್ತಲಲ್ಲಿ ಬಟ್ಟೆ ಒಗೆಯುವ ಬಂಡೆಗೆ ಆಸರೆಯಾಗಿ ಕೂತಿತ್ತು. ಮೂವರು ಸೇರಿ ಅಲುಗಿಸಿ ನೋಡಿದೆವು. "ಅದನ್ನ ತಗದ್ರ ನಾ ಬಟ್ಟಿ ಎಲ್ಲಿ ಒಗೀಲೆವ್ವಾ? ನಮ್ಮಪ್ಪನ ಕಲ್ಲು ನನ್ನ ಹಿತ್ತಲದಾಗ ಐತಿ, ಇರಲಿ ಬಿಡು" ಎಂದು ಅತ್ತೆ ಕಡ್ಡಿ ಮುರಿದಂತೆ ಹೇಳಿದರು. ಅವರು ಹೇಳಿದ್ದರಲ್ಲಿ ನ್ಯಾಯವಿದೆ. ಕೈಹಿಡಿಯ ಅಳತೆ ತೆಗೆದುಕೊಂಡು, ನಾಲ್ಕೂ ಕಡೆಯಿಂದ ಫೋಟೊ ಹಿಡಿದು, ರಿಜಿಸ್ಟರಿನಲ್ಲಿ "ಸ್ಥಳ: ಅತ್ತೆಯ ಹಿತ್ತಲು, ಬಳಕೆಯಲ್ಲಿದೆ" ಎಂದು ಬರೆದೆ. ಎಲ್ಲವನ್ನೂ ಒಂದು ಗಾಜಿನ ಕಪಾಟಿಗೆ ತುಂಬಿದರೆ ಮಾತ್ರ ಉಳಿಯುತ್ತದೆ ಎನ್ನುವ ನಂಬಿಕೆ ನನಗಿಲ್ಲ.

ಬೆಳ್ಳಿ ಕಡಗ ನಮ್ಮ ಮನೆಯಲ್ಲೇ ಇತ್ತು. ಇಂಥವು ಮೂರಿದ್ದವಂತೆ. ಒಂದನ್ನು ಅಜ್ಜನೇ ಅಡವಿಟ್ಟು ಎಮ್ಮೆ ತಂದ, ಬಿಡಿಸಿಕೊಳ್ಳಲಿಲ್ಲ. ಒಂದು ಅತ್ತೆಯ ಮದುವೆಯಲ್ಲಿ ಕಾಲಂದುಗೆಯಾಯಿತು. ಉಳಿದದ್ದನ್ನು ಅವ್ವ ಪ್ರತಿ ಆಯುಧಪೂಜೆಗೆ ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಿ ಫಳಫಳ ಮಾಡಿ ಪೂಜೆಗಿಡುತ್ತಾರೆ. ಹೊರಮೈಯಲ್ಲಿದ್ದ ಹೂಬಳ್ಳಿ ಕೆತ್ತನೆ ಆ ಭಕ್ತಿಗೆ ಸವೆದು, ಬೆರಳಿಗೆ ತಾಗಬೇಕೇ ಹೊರತು ಕಣ್ಣಿಗೆ ಕಾಣದಷ್ಟಾಗಿದೆ. ಬೆಳ್ಳಿ ಕಪ್ಪಾಗುವುದು ಗಾಳಿಯಲ್ಲಿರುವ ಗಂಧಕದ ಅಂಶದಿಂದ. ಆ ಕಪ್ಪನ್ನು ತಿಕ್ಕಿ ತೆಗೆದಾಗಲೆಲ್ಲ ಜೊತೆಗೆ ಒಂದು ತೆಳು ಪದರ ಬೆಳ್ಳಿಯೂ ಹೋಗುತ್ತದೆ. ಮೆತ್ತನೆಯ ಹತ್ತಿ ಬಟ್ಟೆಯಿಂದ ಒರೆಸಿ, ಹತ್ತಿ ಬಟ್ಟೆಯಲ್ಲೇ ಸುತ್ತಿ, ಪಕ್ಕದಲ್ಲಿ ತೇವ ಹೀರುವ ಸಿಲಿಕಾ ಜೆಲ್ ಪೊಟ್ಟಣ ಇಟ್ಟರೆ ಸಾಕು. ಉಣ್ಣೆ ಬಟ್ಟೆ, ರಬ್ಬರ್ ಬ್ಯಾಂಡ್ ಹತ್ತಿರ ಬರಬಾರದು. ಎರಡರಲ್ಲೂ ಗಂಧಕ ಇರುತ್ತದೆ.

ಅವ್ವನ ಕೈ ಮುಟ್ಟದೆ ಉಳಿದದ್ದು ಕಡಗದ ಒಳಮೈ. ರಾತ್ರಿ ದೀಪ ಆರಿಸಿ, ಟಾರ್ಚನ್ನು ನೇರವಾಗಿ ಬಿಡದೆ ಓರೆಯಾಗಿ ಹಿಡಿದಾಗ ತಗ್ಗಿನಲ್ಲಿ ನೆರಳು ಬಿದ್ದು ಅಕ್ಷರ ಎದ್ದು ಬಂದವು. ಒಂದು ಊರ ಹೆಸರು, "ಪಂಚರು" ಎಂಬ ಪದ, ಕೆಳಗೆ 1359. ಕಾಕಾನ ಮಗ "ಅಕ್ಕಾ, ಇದು ವಿಜಯನಗರದ ಕಾಲದ್ದು!" ಎಂದು ಕುಣಿದ. ಅಕ್ಕಸಾಲಿಗರ ತಕ್ಕಡಿಯಲ್ಲಿ ಇಟ್ಟಾಗ 190 ಗ್ರಾಂ ಆಸುಪಾಸು ತೂಗಿತು, ಅಂದರೆ ಹದಿನಾರು ತೊಲ ಚಿಲ್ಲರೆ. ಮನೆಯಲ್ಲಿ ಇಪ್ಪತ್ತೈದು ತೊಲದ ಕಡಗ ಎನ್ನುತ್ತಿದ್ದರು.

1359 ಏನೆಂದು ಬಿಡಿಸಿಕೊಟ್ಟವರು ನಮ್ಮ ಓಣಿಯ ಹಿರಿಯ ಚಾಚಾ. ಕೊಪ್ಪಳ ಮೊದಲು ಹೈದರಾಬಾದಿನ ನಿಜಾಮರ ರಾಜ್ಯದಲ್ಲಿ ಸಾಲಾರ್ ಜಂಗರ ಜಹಗೀರಾಗಿತ್ತು. ಸರ್ಕಾರಿ ಲೆಕ್ಕವೆಲ್ಲ ಫಸಲಿ ವರ್ಷದಲ್ಲಿ. ಅಕ್ಟೋಬರಿನಲ್ಲಿ ಆಜೂರ್ ತಿಂಗಳಿನಿಂದ ವರ್ಷ ಶುರು. ಡಿಸೆಂಬರಿನ ತನಕದ ತಾರೀಕಿಗೆ 590 ಕೂಡಿಸಬೇಕು, ಜನವರಿ ದಾಟಿದರೆ 591. ಅಲ್ಲಿಗೆ ಕಡಗದ ವರ್ಷ 1949–50. ವಿಜಯನಗರ ಆರುನೂರು ವರ್ಷ ದೂರ ಹೋಯಿತು.

ಈ ಲೆಕ್ಕ ಕೈಗೆ ಬಂದ ಮೇಲೆ ಟ್ರಂಕಿನ ತಳದ ಕಾಗದಗಳಿಗೆ ಜೀವ ಬಂತು. ಅಜ್ಜ ಓದಿದವನಲ್ಲ, ಆದರೆ ತನ್ನ ಹೆಸರಿದ್ದ ಕರಪತ್ರಗಳನ್ನು ಮಡಿಸಿ ಮಡಿಸಿ ಒಂದು ಅಂಗಿಯ ಜೇಬಿನೊಳಗೆ ಇಟ್ಟಿದ್ದ. ಗುಲಾಬಿ, ಹಳದಿ, ಹಸಿರು ಬಣ್ಣದ ತೆಳು ಕಾಗದ. "ಜಂಗೀ ನಿಕಾಲಿ ಕುಸ್ತಿಗಳು" (ಸೋಲು-ಗೆಲುವು ತೀರುವ ತನಕ ಹಿಡಿಯುವ ದೊಡ್ಡ ಕುಸ್ತಿಗಳು) ಎಂದು ದಪ್ಪಕ್ಷರ, ಕೆಳಗೆ ಜೋಡಿಗಳ ಪಟ್ಟಿ, ಎದುರಿಗೆ ಇನಾಮು. ಕೆಲವು ಒಂದು ಮಗ್ಗುಲು ಕನ್ನಡ, ಇನ್ನೊಂದು ಮಗ್ಗುಲು ಉರ್ದು. ಮಡಿಕೆ ಇದ್ದಲ್ಲೆಲ್ಲ ಕಾಗದ ಹಪ್ಪಳವಾಗಿತ್ತು.

ಅಂಥ ಕಾಗದ ಬಿಚ್ಚುವುದಕ್ಕೆ ತಾಳ್ಮೆ ಬೇಕು. ಫ್ಯಾನ್ ಬಂದ್ ಮಾಡಿ, ಮೇಜಿನ ಮೇಲೆ ಬಿಳಿ ಕಾಗದ ಹಾಸಿ, ಮೆತ್ತನೆಯ ಚಿತ್ರದ ಕುಂಚದಿಂದ ಒಳಗಿನಿಂದ ಹೊರಕ್ಕೆ ಧೂಳು ತಳ್ಳುವುದು. ಏಪ್ರಿಲ್ ತಿಂಗಳ ನಮ್ಮ ಒಣ ಬಿಸಿಲಿನಲ್ಲಿ ಮಡಿಕೆ ಬಿಚ್ಚಿದರೆ ಟಪ್ಪನೆ ಮುರಿಯುತ್ತದೆ. ಮುಂಗಾರು ಬಿದ್ದು ಗಾಳಿಯಲ್ಲಿ ತುಸು ತೇವ ಬಂದಾಗ ಅದೇ ಕಾಗದ ಮಾತು ಕೇಳುತ್ತದೆ. ಅದಕ್ಕೇ ಮಳೆಗಾಲದ ತನಕ ಅರ್ಧ ಕಟ್ಟು ಮುಟ್ಟಲೇ ಇಲ್ಲ. ಹರಿದಲ್ಲಿ ಸೆಲೊಟೇಪ್ ಹಚ್ಚುವಂತಿಲ್ಲ, ಆ ಅಂಟು ಕೆಲ ವರ್ಷಕ್ಕೆ ಕಂದಾಗಿ ಅಕ್ಷರವನ್ನೇ ನುಂಗುತ್ತದೆ. ಪಿನ್ನು, ಸ್ಟೇಪಲ್ ತುಕ್ಕು ಬಿಡುತ್ತವೆ. ಹಿಂದೆ ಗುರುತು ಬರೆಯುವುದಾದರೆ ಪೆನ್ಸಿಲ್‌ನಲ್ಲೇ. ಈಗ ಅವೆಲ್ಲ ಆಮ್ಲ ಇಲ್ಲದ ಕಾಗದದ ಫೋಲ್ಡರಿನೊಳಗೆ, ಒಳಕೋಣೆಯ ಕಬ್ಬಿಣದ ಅಲಮಾರಿನ ನಡುವಿನ ಹಲಗೆಯ ಮೇಲಿವೆ. ಅಟ್ಟದಲ್ಲಿ ಬೇಸಿಗೆಯ ಕಾವು, ನೆಲದಲ್ಲಿ ಗೆದ್ದಲು.

ಎಲ್ಲಕ್ಕಿಂತ ಚೆನ್ನಾಗಿ ಉಳಿದಿದ್ದ ಕರಪತ್ರವನ್ನು ಮಾತ್ರ ಕಾಕಾನ ಮಗ ಮೂರು ವರ್ಷದ ಹಿಂದೆಯೇ ಪೇಟೆಯ ಅಂಗಡಿಯಲ್ಲಿ ಲ್ಯಾಮಿನೇಷನ್ ಮಾಡಿಸಿದ್ದ. ಒಳ್ಳೆಯ ಮನಸ್ಸಿನಿಂದಲೇ ಮಾಡಿಸಿದ್ದು. ಆದರೆ ಬಿಸಿಗೆ ಕರಗಿದ ಅಂಟು ಕಾಗದದ ನಾರಿನೊಳಗೆ ಇಳಿದ ಮೇಲೆ ಬಿಡಿಸಲಾಗದು. ಒಳಗೇ ಕಾಗದ ಹಳದಿಯಾಗುತ್ತಾ ಹೋಗುವುದನ್ನು ನಾವು ನೋಡುತ್ತಾ ಇರಬೇಕು. ನಿಮ್ಮ ಮನೆಯಲ್ಲಿ ಹಳೆಯ ಸರ್ಟಿಫಿಕೇಟು, ಪತ್ರಿಕೆಯ ತುಣುಕು ಇದ್ದರೆ ದಯವಿಟ್ಟು ಆ ಮಷಿನ್ನಿಗೆ ಕೊಡಬೇಡಿ.

ಗಾಮಾನ ಕತೆ ಕುಸಿದದ್ದು ಆ ಲ್ಯಾಮಿನೇಷನ್ ಕಾಗದದಿಂದಲೇ. ಅದರ ಉರ್ದು ಮಗ್ಗುಲನ್ನು ಚಾಚಾ ಬೆಳಕಿಗೆ ಹಿಡಿದು ಓದಿದರು: ಫಸಲಿ 1354, ಇಸ್ಫಂದಾರ್ ತಿಂಗಳು. 1945ರ ಜನವರಿ ಆಸುಪಾಸು. ಕೊನೆಯ ಜೋಡಿಯಲ್ಲಿ ಒಂದು ಕಡೆ ನಮ್ಮಜ್ಜನ ಹೆಸರು. ಎದುರಿಗೆ ಗದಗ ಕಡೆಯ ಒಬ್ಬ ಪೈಲ್ವಾನರ ಹೆಸರು, ಅದರ ಹಿಂದೆ "ಛೋಟಾ ಗಾಮಾ". ಇನಾಮು ಹಾಲಿ ಸಿಕ್ಕ 70 ರೂಪಾಯಿ.

"ಹಾಲಿ ಎಪ್ಪತ್ತಂದ್ರ ಕಲ್ದಾರ ಅರವತ್ತು" ಎಂದು ಚಾಚಾ ಬಾಯಿಲೆಕ್ಕ ಮಾಡಿದರು. ನಿಜಾಮರ ಏಳು ರೂಪಾಯಿಗೆ ಬ್ರಿಟಿಷರ ಆರು. ನನ್ನ ಗಮನವೆಲ್ಲ "ಛೋಟಾ"ದ ಮೇಲಿತ್ತು.

ದೊಡ್ಡ ಗಾಮಾ ಹುಟ್ಟಿದ್ದು 1878ರಲ್ಲಿ. 1910ರಲ್ಲಿ ಲಂಡನ್ನಿಗೆ ಹೋಗಿ ಪೋಲೆಂಡಿನ ಝಬಿಸ್ಕೋ ಎದುರು ಸರಿಜೋಡಿಯಾದವನು, 1928ರಲ್ಲಿ ಪಟಿಯಾಲದಲ್ಲಿ ಅದೇ ಝಬಿಸ್ಕೋನನ್ನು ನಿಮಿಷದೊಳಗೆ ಮಣ್ಣು ಮುಕ್ಕಿಸಿದ. ನಮ್ಮಜ್ಜನ ವಯಸ್ಸಿಗೆ ಇದ್ದ ಒಂದೇ ಗುರುತು ಮುತ್ತಜ್ಜಿ ಹೇಳುತ್ತಿದ್ದ ಮಾತು: ಊರೂರೇ ಜ್ವರದಲ್ಲಿ ಸತ್ತ ವರ್ಷದ ಮರುವರ್ಷ ಹುಟ್ಟಿದ ಕೂಸು. 1918ರ ಇನ್‌ಫ್ಲುಯೆಂಜಾ ಎಂದಿಟ್ಟುಕೊಂಡರೆ 1919. ಅಜ್ಜ ಕಣಕ್ಕಿಳಿಯುವ ಹೊತ್ತಿಗೆ ಗಾಮಾನಿಗೆ ಅರವತ್ತರ ಗಡಿ. 1945ರಲ್ಲಿ ಅರವತ್ತೇಳು. ಕೊಲ್ಹಾಪುರವೂ ಅಲ್ಲ, ಗಾಮಾನೂ ಅಲ್ಲ. ನಮ್ಮೂರಿಂದ ಎತ್ತಿನ ಬಂಡಿಯಲ್ಲಿ ಹೋಗಿ ಬರುವಷ್ಟು ದೂರದ ಒಂದು ಜಾತ್ರೆ, ಗಾಮಾನ ಹೆಸರು ಹೊತ್ತ ಇನ್ನೊಬ್ಬ ಪೈಲ್ವಾನ. ಆ ಕಾಲದಲ್ಲಿ ಊರಿಗೊಬ್ಬ ಛೋಟಾ ಗಾಮಾ ಇರುತ್ತಿದ್ದರು. ಕರಪತ್ರ ಅಚ್ಚುಹಾಕಿಸುವವರು ಜನ ಸೇರಲೆಂದು ಹುಲಿ, ಸಿಂಹ, ಕೇಸರಿ ಎಂದು ಧಾರಾಳವಾಗಿ ಹಂಚುತ್ತಿದ್ದರು. ಕಾಕಾನ "ಜನ ಕೊಟ್ಟಾರ" ಎನ್ನುವ ಮಾತಿನ ಮೂಲವೂ ಅಲ್ಲೇ ಇತ್ತು.

ಅಪ್ಪನಿಗೆ ಹೇಳುವುದು ಕಷ್ಟವಾಯಿತು. ಅವರು ಕರಪತ್ರವನ್ನು ಬಹಳ ಹೊತ್ತು ನೋಡಿದರು. "ಹಂಗಾರ ಕೊಲ್ಹಾಪುರಕ್ಕ ಹೋಗೇ ಇಲ್ಲನು?" ಎಂದು ಕೇಳಿದರು. ಹೋಗಿದ್ದ. ಶಾಹು ಮಹಾರಾಜರು ಕಟ್ಟಿಸಿದ ಖಾಸಬಾಗ್ ಮೈದಾನದ ಹೆಸರು ಅಜ್ಜನ ಬಾಯಲ್ಲಿ ನಾನೇ ಕೇಳಿದ್ದೇನೆ. ಆದರೆ ಅಲ್ಲಿ ಕುಸ್ತಿ ಹಿಡಿದನೋ, ಸಾವಿರಾರು ಮಂದಿಯ ನಡುವೆ ಕೂತು ನೋಡಿ ಬಂದನೋ ಎನ್ನುವುದಕ್ಕೆ ಒಂದು ಚೂರು ಕಾಗದವೂ ಇಲ್ಲ. ರಿಜಿಸ್ಟರಿನಲ್ಲಿ "ಮನೆಯ ಮಾತು" ಎಂದು ಬೇರೆಯೇ ಒಂದು ಭಾಗ ಮಾಡಿ ಕೊಲ್ಹಾಪುರವನ್ನು ಅಲ್ಲಿಗೆ ಸೇರಿಸಿದೆ. ಕತೆಯನ್ನು ಅಳಿಸುವುದೂ ತಪ್ಪೇ. ಅಪ್ಪ ಎದ್ದು ನಿಂತು ಹೇಳುವುದನ್ನು ಮೊಬೈಲಿನಲ್ಲಿ ಪೂರ್ತಿ ರೆಕಾರ್ಡ್ ಮಾಡಿಕೊಂಡಿದ್ದೇನೆ.

ಕರಪತ್ರಗಳನ್ನು ವರ್ಷದ ಪ್ರಕಾರ ಜೋಡಿಸಿದಾಗ ಫಸಲಿ 1356ರ ಆಚೆ ಒಂದು ಖಾಲಿ ಜಾಗ. ಮುಂದಿನ ಗುರುತು 1359ರ ಕಡಗ. ನಡುವೆ ಅಜ್ಜ ಏನು ಮಾಡುತ್ತಿದ್ದ? ಗಾಯವಾಗಿತ್ತೆ? ಉತ್ತರ ಸುಲಭವಿತ್ತು, ನನಗೆ ಹೊಳೆಯಲು ತಡವಾಯಿತಷ್ಟೇ: ನಿಜಾಮರ ಪರ ನಿಂತ ರಜಾಕಾರರ ಪಡೆಯ ಹಾವಳಿ. 1947–48ರಲ್ಲಿ ಈ ಭಾಗದ ಹಳ್ಳಿಗಳಿಂದ ಜನ ಗಡಿ ದಾಟಿ ಮುಂಬಯಿ ಪ್ರಾಂತ್ಯದ ಮುಂಡರಗಿ, ಗದಗ ಕಡೆ ಹೋಗಿ ಉಳಿದರು. ಮುಂಡರಗಿಯಲ್ಲಿ ಅಳವಂಡಿ ಶಿವಮೂರ್ತಿಸ್ವಾಮಿಗಳ ಮುಂದಾಳ್ತನದಲ್ಲಿ ನಿಜಾಮರ ವಿರುದ್ಧ ಹೋರಾಡುವವರ ಶಿಬಿರವಿತ್ತು. ಜಾತ್ರೆಗಳೇ ನಿಂತು ಹೋದ ಮೇಲೆ ಕುಸ್ತಿ ಎಲ್ಲಿಯದು? 1948ರ ಸೆಪ್ಟೆಂಬರಿನಲ್ಲಿ ನಿಜಾಮರ ರಾಜ್ಯವನ್ನು ಭಾರತಕ್ಕೆ ಸೇರಿಸಿದ ಪೊಲೀಸ್ ಕಾರ್ಯಾಚರಣೆ ಮುಗಿದ ಮೇಲೆಯೇ ಊರಿಗೆ ಮರಳಿದ್ದು ಎಂದು ಅಪ್ಪನಿಗೂ ಮಸುಕಾಗಿ ನೆನಪಿದೆ. ಅವರಿಗಾಗ ಐದು ವರ್ಷ. ಇಪ್ಪತ್ತೆಂಟು, ಇಪ್ಪತ್ತೊಂಬತ್ತು ಪೈಲ್ವಾನನಿಗೆ ಕಸುವಿನ ವಯಸ್ಸು. ಅಜ್ಜನ ಆ ವರ್ಷಗಳು ಹೋದದ್ದು ಹಾಗೆ.

ಬದುಕಿರುವ ಶಿಷ್ಯರು ಇಬ್ಬರೇ. ಒಬ್ಬರಿಗೆ ನೆನಪು ಹೋಗಿದೆ. ಇನ್ನೊಬ್ಬರು ಎಂಬತ್ತೇಳರ ಹಿರಿಯರು, ಗರಡಿಮನೆಯ ಕಟ್ಟೆಯ ಮೇಲೆ ಬೆನ್ನು ನೆಟ್ಟಗೆ ಮಾಡಿಕೊಂಡೇ ಕೂರುತ್ತಾರೆ. ಗರಡಿಯೊಳಗೆ ಹೆಣ್ಣುಮಕ್ಕಳು ಕಾಲಿಡುವಂತಿಲ್ಲ, ಹಾಗಾಗಿ ಮಾತೆಲ್ಲ ಕಟ್ಟೆಯ ಮೇಲೆಯೇ. "ನಮ್ಮಜ್ಜ ಎಂಥಾ ಪೈಲ್ವಾನ?" ಎಂದು ಕೇಳಿದರೆ ಹೊಗಳಿಕೆ ಬಿಟ್ಟು ಬೇರೇನೂ ಬರುವುದಿಲ್ಲ. ಅದಕ್ಕೇ ಏನು ತಿನ್ನುತ್ತಿದ್ದಿರಿ, ದುಡ್ಡು ಯಾರು ಕೊಡುತ್ತಿದ್ದರು ಎಂದು ಕೇಳಿದೆ. ಆಗ ಬಾಯಿ ಬಿಚ್ಚಿತು. ಬೆಳಗಿನ ಜಾವ ನಾಲ್ಕಕ್ಕೆ ಸಾಮು. ಬಸ್ಕಿ, ದಂಡ, ಆಮೇಲೆ ಮಣ್ಣು ಅಗೆಯುವುದು. ಆ ಮಣ್ಣಿಗೆ ಮಜ್ಜಿಗೆ, ಎಣ್ಣೆ, ಅರಿಶಿನ, ಲಿಂಬೆರಸ. ಖುರಾಕು ಎಂದರೆ ನೆನೆಸಿದ ಬಾದಾಮಿ ಅರೆದು ಹಾಲಿಗೆ, ಜೊತೆಗೆ ತುಪ್ಪ, ಸಜ್ಜಿ ರೊಟ್ಟಿ. ಬಾದಾಮಿಯ ಖರ್ಚು ಒಂದಿಷ್ಟು ದಿನ ಊರ ಸಾಹುಕಾರರದು, ಅವರು ಕೈಬಿಟ್ಟ ಮೇಲೆ ಅಜ್ಜಿಯದು.

"ನಿಮ್ಮಜ್ಜಿ ಎಮ್ಮಿ ಹಾಲು ತನ್ನ ಮಕ್ಕಳಿಗೆ ಹಾಕಿದ್ದು ನಾ ನೋಡಿಲ್ಲ ತಂಗಿ. ಎಲ್ಲಾ ಗರಡಿಗೇ. ಅದನ್ನೂ ಬರ್ಕೊ."

ಬರೆದುಕೊಂಡೆ. ಯಾವ ಕಮಾನಿನ ಮೇಲೂ ಬರದ ಹೆಸರು ಅದು.

ತಾಸು ಕಳೆದ ಮೇಲೆ ಅವರೇ ದನಿ ತಗ್ಗಿಸಿದರು. "ಗೆದ್ದಿದ್ದು ಎಲ್ಲಾರೂ ಹೇಳ್ತಾರ. ಬಿದ್ದಿದ್ದು ಯಾರೂ ಹೇಳಂಗಿಲ್ಲ. ನಾ ಹೇಳ್ತೀನಿ, ಸಿಟ್ಟಾಗಬ್ಯಾಡ." ಅಜ್ಜ ಕೊನೆಯ ಸಲ ಕಣಕ್ಕಿಳಿದದ್ದು ಮೂವತ್ತೈದು ದಾಟಿದ ಮೇಲೆ, ತನಗಿಂತ ಹತ್ತು ವರ್ಷ ಚಿಕ್ಕ ಹುಡುಗನ ಎದುರು. ಹುಡುಗ ಢಾಕ್ ಹಾಕಿದ. ಎದುರಾಳಿಯ ಕೊರಳು, ತೋಳು ಒಟ್ಟಿಗೆ ಬಿಗಿದು ಸೊಂಟದ ಮೇಲಿಂದ ತಿರುವಿ ಒಗೆಯುವ ಪಟ್ಟು ಅದು. ಹೇಳುತ್ತಾ ಹೇಳುತ್ತಾ ಆ ಹಿರಿಯರು ಎದ್ದು ನನ್ನ ತಮ್ಮನ ಮಗನ ಕೊರಳಿಗೆ ತೋಳು ಹಾಕಿಯೇ ಬಿಟ್ಟರು; ಹುಡುಗನ ಮೊಬೈಲು ಕಟ್ಟೆಯ ಕೆಳಗೆ ಹಾರಿತು. "ನಿಮ್ಮಜ್ಜ ಇದ ಪಟ್ಟು ನನಗ ಕಲಿಸಿದ್ದ. ಅದಕ್ಕ ಬಿದ್ದ. ಬಿದ್ದಾಂವ ಎದ್ದು ತನ್ನ ಪಟಗ ತಗದು ಆ ಹುಡುಗನ ತಲಿಗೆ ಸುತ್ತಿದ." ಮಂಡಿ ಅಂದೇ ಹೋದದ್ದು. ನನಗೆ ನೆನಪಿರುವ ಅಜ್ಜ ಸದಾ ಎಡಗಾಲು ಎಳೆದೇ ನಡೆಯುತ್ತಿದ್ದ. ಬಂಡಿಯಿಂದ ಬಿದ್ದಿದ್ದ ಎಂದು ನಮಗೆಲ್ಲ ಹೇಳಿದ್ದರು.

ನನ್ನ ಮಟ್ಟಿಗೆ ಗಾಮಾನ ಕತೆಗಿಂತ ಇದು ತೂಕದ್ದು. ಕಾಕಾಗೆ ಇದು ಮನೆಯ ಮರ್ಯಾದೆ ಕಳೆಯುವ ಮಾತು. ಈ ವಿಷಯದಲ್ಲಿ ನಾವಿಬ್ಬರೂ ಇನ್ನೂ ಸರಿಜೋಡಿ.

ಗರಡಿಯ ಒಳಗಿನ ವಿವರಕ್ಕೆ ತಮ್ಮನ ಮಗನನ್ನೇ ಕಳಿಸಿದೆ. ನಾನು ಹೊಸ್ತಿಲಾಚೆ ನಿಂತು "ಎಡಗಡೆ ಗೋಡೆ, ಈಗ ಜಂತಿ, ಈಗ ಮಣ್ಣಿನ ಹತ್ತಿರಕ್ಕೆ ಹೋಗು" ಎಂದು ಹೇಳುತ್ತಿದ್ದೆ, ಅವನು ವಿಡಿಯೊ ಮಾಡುತ್ತಿದ್ದ. ಜಂತಿಗೆ ತೂಗುಹಾಕಿದ ಹನುಮಪ್ಪನ ಗದೆ ಕಿನ್ನಾಳದ ಕಲಾವಿದರ ಕೈಯದು, ಅಜ್ಜ ಹರಕೆಗೆ ಮಾಡಿಸಿದ್ದು. ಕೆಂಪು, ಹಸಿರಿನ ಮೇಲೆ ಹೊಳಪು ಇನ್ನೂ ಇದೆ, ಒಂದು ಕಡೆ ಬಣ್ಣದ ಪದರ ಎದ್ದು ಕೆಳಗಿನ ಹುಣಸೆಬೀಜದ ಅಂಟಿನ ಮೆತ್ತು ಕಾಣುತ್ತದೆ. ಕಮಿಟಿಯ ಹುಡುಗರು ಜಾತ್ರೆಗೆ ಮುಂಚೆ ಎನಾಮಲ್ ಬಣ್ಣ ಹೊಡೆಯುವ ತಯಾರಿಯಲ್ಲಿದ್ದರು. ಕೈಮುಗಿದು ನಿಲ್ಲಿಸಿದೆ. ಕಿನ್ನಾಳ ಇರುವುದೇ ಇಲ್ಲಿ ಹತ್ತಿರ, ಆ ಕಸುಬಿನ ಮನೆಯವರನ್ನೇ ಕರೆಸಿ ಎದ್ದ ಪದರವನ್ನಷ್ಟೇ ಕೂರಿಸೋಣ ಎಂದೆ. ಒಪ್ಪಿದರು. ಹೊಸ್ತಿಲ ವಿಷಯಕ್ಕೆ ಮಾತ್ರ ಯಾರೂ ಒಪ್ಪಲಿಲ್ಲ, ನಾನೂ ಹಟ ಹಿಡಿಯಲಿಲ್ಲ. ಆ ಹಿರಿಯ ಶಿಷ್ಯರೇ ಒಮ್ಮೆ ಕೆಣಕಿದರು: "ಸಾಕ್ಷಿ ಮಲಿಕ್ ಒಲಿಂಪಿಕ್‌ದಾಗ ಪದಕ ತಂದಳು, ನೀ ಇಲ್ಲೇ ನಿಂತೀಯಲ್ಲ ತಂಗಿ." ಹಾಗಂದವರು ಒಳಗೆ ಬಾ ಎನ್ನಲಿಲ್ಲ.

ಸರ್ಕಾರಿ ಕಡತದ ಕತೆ ಚಿಕ್ಕದು. ಮಾಜಿ ಪೈಲ್ವಾನರಿಗೆ ಕೊಡುವ ಮಾಸಾಶನಕ್ಕೆ ಅಜ್ಜ ಅರ್ಜಿ ಹಾಕಿದ್ದ, ಅದರಲ್ಲಿ ಹಿಡಿದ ಕುಸ್ತಿಗಳ ಪಟ್ಟಿ ಇದ್ದಿರಲೇಬೇಕು. 10 ರೂಪಾಯಿಯ ಪೋಸ್ಟಲ್ ಆರ್ಡರ್ ಇಟ್ಟು ಮಾಹಿತಿ ಹಕ್ಕಿನಲ್ಲಿ ಕೇಳಿದೆ. ಮೂವತ್ತು ದಿನದೊಳಗೆ ಉತ್ತರ ಬರಬೇಕು, ಬಂತು: ಸದರಿ ಕಡತ ಲಭ್ಯವಿಲ್ಲ. ಹಳೆ ದಿನಪತ್ರಿಕೆಗಳ ಸಂಪುಟಗಳಲ್ಲಿ ಹುಡುಕಿದ್ದಕ್ಕೆ ಸಿಕ್ಕದ್ದು ಎರಡು ಸಾಲು. ಅದರಲ್ಲೂ ಊರ ಹೆಸರು, ಪೈಲ್ವಾನನ ಮೊದಲ ಹೆಸರು ಮಾತ್ರ. ಆ ಹೆಸರಿನ ಇನ್ನೊಬ್ಬ ಪೈಲ್ವಾನರು ಪಕ್ಕದ ಹಳ್ಳಿಯಲ್ಲೇ ಇದ್ದರಾದ್ದರಿಂದ ಅದು ನಮ್ಮಜ್ಜನದೇ ಎಂದು ಎದೆ ತಟ್ಟಿ ಹೇಳಲಾರೆ.

ಫೋಟೊ ಇರುವುದು ಒಂದೇ. ಸ್ಟುಡಿಯೊದಲ್ಲಿ ತೆಗೆಸಿದ್ದು, ಲಂಗೋಟಿ, ಎಡಗೈಗೆ ಕಡಗ, ಎದೆಯ ಮೇಲೆ ಬಿಲ್ಲೆಗಳು. ಮಳೆಗಾಲಗಳ ತೇವಕ್ಕೆ ಫೋಟೊದ ಮೇಲ್ಪದರ ಚೌಕಟ್ಟಿನ ಗಾಜಿಗೆ ಅಂಟಿಕೊಂಡಿದೆ. ಎಳೆದರೆ ಮುಖವೇ ಗಾಜಿನ ಜೊತೆ ಬರುತ್ತದೆ. ಬಿಡಿಸದೆ ಗಾಜಿನ ಸಮೇತ 600 ಡಿಪಿಐನಲ್ಲಿ ಸ್ಕ್ಯಾನ್ ಮಾಡಿಸಿದೆವು. ಮೂಲ ಪ್ರತಿ ಟಿಫ್, ಹಂಚುವುದಕ್ಕೆ ಜೆಪೆಗ್. ಒಂದು ಪ್ರತಿ ನನ್ನ ಲ್ಯಾಪ್‌ಟಾಪಿನಲ್ಲಿ, ಒಂದು ಹಾರ್ಡ್ ಡಿಸ್ಕಿನಲ್ಲಿ, ಒಂದು ಬೆಂಗಳೂರಿನ ತಂಗಿಯ ಮನೆಯಲ್ಲಿ. ವಾಟ್ಸ್‌ಆ್ಯಪ್‌ನಲ್ಲಿ ಫೋಟೊ ಎಂದು ಕಳಿಸಿದರೆ ಅದು ಕುಗ್ಗಿಸಿಬಿಡುತ್ತದೆ, ಡಾಕ್ಯುಮೆಂಟ್ ಎಂದು ಕಳಿಸಬೇಕು ಎಂದು ಮನೆಯ ಗ್ರೂಪಿನಲ್ಲಿ ಬಾಯಿ ನೋಯುವಷ್ಟು ಹೇಳಿದ್ದೇನೆ.

ಹೇಳಿ ಮುಗಿಸುವಷ್ಟರಲ್ಲಿ ಕಾಕಾನ ಮಗ ಅದನ್ನು ಯಾವುದೋ ಎಐ ಆ್ಯಪಿಗೆ ಹಾಕಿ ಬಣ್ಣ ಬಳಿಸಿದ್ದ. ನಮ್ಮ ಎಣ್ಣೆಗಪ್ಪಿನ ಅಜ್ಜ ಗೋಧಿ ಬಣ್ಣಕ್ಕೆ ತಿರುಗಿ, ತುಸು ಮುಂದಕ್ಕಿದ್ದ ಹೊಟ್ಟೆ ಮಾಯವಾಗಿ ಜಿಮ್ಮಿನ ಹುಡುಗರಂತೆ ಕಟ್ಟುಕಟ್ಟಾಗಿ, ಒಡೆದು ಮುದುಡಿದ್ದ ಕಿವಿ ನಯವಾಗಿ ಅರಳಿತ್ತು. ಆ ಕಿವಿ ಮಣ್ಣಿನಲ್ಲಿ ವರ್ಷಗಟ್ಟಲೆ ಉಜ್ಜಿಸಿಕೊಂಡು ಆದದ್ದು. ಪೈಲ್ವಾನನೆಂದು ಗುರುತು ಹಿಡಿಯುವುದೇ ಆ ಕಿವಿಯಿಂದ. ಚಿತ್ರ ಒಂದೇ ದಿನಕ್ಕೆ ಜಿಲ್ಲೆಯೆಲ್ಲ ಸುತ್ತಿತು, ಈಗ ಅಜ್ಜನ ಹೆಸರು ಹೇಳಿದರೆ ಜನ ಅದನ್ನೇ ತೋರಿಸುತ್ತಾರೆ.

ಆದರೆ ಆ ಸುತ್ತಾಟದಿಂದಲೇ ಒಂದು ಲಾಭವೂ ಆಯಿತು. ಛೋಟಾ ಗಾಮಾ ಅವರ ಮೊಮ್ಮಗ ಗದಗ ಕಡೆಯಿಂದ ಫೋನ್ ಮಾಡಿದರು. ಅವರ ಮನೆಯಲ್ಲೂ ಒಂದು ಟ್ರಂಕು, ಅದೇ ಕುಸ್ತಿಯ ಕರಪತ್ರ, ಲ್ಯಾಮಿನೇಷನ್ ಆಗದ್ದು! ಹಾಲಿ 70 ರೂಪಾಯಿ ಗೆದ್ದು ತಂದದ್ದು ತಮ್ಮಜ್ಜ ಎಂದು ಅವರ ಮನೆಯ ಮಾತು. ಕರಪತ್ರ ಅಚ್ಚಾಗುವುದು ಕುಸ್ತಿಗೆ ಮುಂಚೆ, ಫಲಿತಾಂಶ ಅದರಲ್ಲಿ ಇರುವುದಿಲ್ಲ. ಎರಡೂ ಮನೆಯ ಮಾತನ್ನು ಅಕ್ಕಪಕ್ಕದಲ್ಲೇ ಬರೆದಿದ್ದೇನೆ. ಅವರು ಕಳಿಸಿದ ಸ್ಕ್ಯಾನ್ ನಮ್ಮ ಫೋಲ್ಡರಿನಲ್ಲಿದೆ, ನಮ್ಮದು ಅವರಲ್ಲಿ.

ಕಮಾನು ಎದ್ದಿದೆ. ಹಲವು ಸುತ್ತಿನ ಮಾತಾದ ಮೇಲೆ ಅದರ ಮೇಲೆ ಅಜ್ಜನ ಹೆಸರಿನ ಮುಂದೆ ಬರೀ "ಪೈಲ್ವಾನ" ಎಂದಿದೆ, ಕೇಸರಿ ಇಲ್ಲ. ಹುಟ್ಟಿದ ವರ್ಷದ ಎದುರು "ಸುಮಾರು 1919" ಎಂದು ಬರೆಸಿದ್ದಕ್ಕೆ ಪೇಂಟರ್ ನಕ್ಕ, ಸುಮಾರು ಎಂದು ಬರೆದ ಕಮಾನು ಇದೇ ಮೊದಲಂತೆ. ಈ ಜಾತ್ರೆಗೆ ಗರಡಿಯ ಹೊರಗೋಡೆಯ ಮೇಲೆ ಕರಪತ್ರ, ಕಡಗದ ಒಳಮೈ, ಸಂಗ್ರಾಣಿ ಕಲ್ಲು ಎಲ್ಲದರ ದೊಡ್ಡ ಪ್ರಿಂಟ್ ಹಾಕುವುದೆಂದು ಮಾಡಿದ್ದೇವೆ, ಬಿಸಿಲಿಗೆ ಮೂಲ ಪ್ರತಿ ಯಾವುದೂ ಹೊರಬರುವುದಿಲ್ಲ. ಅಜ್ಜಿಯ ಎಮ್ಮೆಯ ಹಾಲಿನ ಮಾತಿಗೂ ಒಂದು ಹಲಗೆ ಗಿಟ್ಟಿಸಿಕೊಂಡಿದ್ದೇನೆ. ನಡುವಿನ ದೊಡ್ಡ ಫೋಟೊ ಯಾವುದಿರಬೇಕು ಎನ್ನುವುದು ಮಾತ್ರ ತೀರ್ಮಾನವಾಗಿಲ್ಲ. ಕಾಕಾಗೆ ಬಣ್ಣದ್ದೇ ಬೇಕು, ನಾನು ಒಡೆದ ಕಿವಿಯದ್ದನ್ನು ಆಗಲೇ ಪ್ರಿಂಟಿಗೆ ಕೊಟ್ಟು ಬಂದಿದ್ದೇನೆ.